ಮಗ ಕ್ಯಾಮೆರಾ ಹಿಡಿಯುತ್ತೇನೆಂದಾಗ: ಸಕಲೇಶಪುರದ ಗೆಳೆಯನಿಗೊಂದು ಪತ್ರ

ಪ್ರಿಯ ಗೆಳೆಯ,

ಪಿಯುಸಿ ಮುಗಿಸಿದ ನಿನ್ನ ಮಗ ಎಂಜಿನಿಯರಿಂಗ್ ಬೇಡ, ಛಾಯಾಗ್ರಾಹಕನಾಗುತ್ತೇನೆ ಎಂದು ಪಟ್ಟು ಹಿಡಿದಿರುವುದಾಗಿ ಬರೆದು, ಈ ಕಸುಬಿನಲ್ಲಿ ಹೊಟ್ಟೆ ತುಂಬುತ್ತದೆಯೇ ಎಂದು ಕೇಳಿದ್ದೀಯೆ. ಹದಿನಾಲ್ಕು ವರ್ಷಗಳಿಂದ ಸಣ್ಣ ಬಂಡವಾಳದ ಚಿತ್ರಗಳಿಗೇ ದುಡಿದಿರುವ ನನ್ನ ನೇರ ಉತ್ತರವೆಂದರೆ, ಇಂಥ ಸಿನಿಮಾದಿಂದ ತುಂಬುವುದಿಲ್ಲ; ಮದುವೆ, ಜಾಹೀರಾತು, ಸಾಕ್ಷ್ಯಚಿತ್ರಗಳಿಂದ ತುಂಬಿಸಿಕೊಂಡು ಸಿನಿಮಾಕ್ಕೆ ಬರಬೇಕಾಗುತ್ತದೆ. ಸಂಭಾವನೆಯ ಕೊನೆಯ ಕಂತು ಬಾರದೆ ಉಳಿದ ಚಿತ್ರಗಳೇ ನನ್ನ ಲೆಕ್ಕದಲ್ಲಿ ಮೂರಿವೆ. ಚಿತ್ರೀಕರಣ ಮುಗಿದು ಎಷ್ಟೋ ತಿಂಗಳ ಮೇಲೆ ಕಲರ್ ಗ್ರೇಡಿಂಗ್‌ಗೆ, ಅಂದರೆ ತೆಗೆದ ಚಿತ್ರದ ಬಣ್ಣ, ಬೆಳಕು ಹದಗೊಳಿಸುವ ಕೆಲಸಕ್ಕೆ, ಕರೆ ಬರುತ್ತದೆ. ಆ ದಿನಗಳಿಗೆ ನನಗೆ ಯಾರೂ ದುಡ್ಡು ಕೊಟ್ಟಿಲ್ಲ, ಆದರೆ ಹೋಗದಿದ್ದರೆ ನಾನು ಬೇಕೆಂದೇ ಕತ್ತಲಲ್ಲಿಟ್ಟ ಮೂಲೆಯನ್ನು ಇನ್ನಾರೋ ಬೆಳಗಿಸಿಬಿಡುತ್ತಾರೆ.

ಹೋದ ಜನವರಿಯಲ್ಲಿ ಹಾನುಬಾಳಿನ ಬಳಿಯ ಹಳೆಯ ತೋಟದ ಮನೆಯೊಂದರಲ್ಲಿ ರಾತ್ರಿಯ ದೃಶ್ಯ ತೆಗೆಯುತ್ತಿದ್ದೆವು. ನಮ್ಮ ಕರೆಂಟು 50 ಹರ್ಟ್ಸ್‌ನದಾದ್ದರಿಂದ ಹಳೆಯ ಚೋಕಿನ ಟ್ಯೂಬ್‌ಲೈಟು ಸೆಕೆಂಡಿಗೆ 100 ಸಲ ಮಿಣುಕುತ್ತದೆ, ಅದು ನಮ್ಮ ಕಣ್ಣಿಗೆ ಕಾಣದಿದ್ದರೂ ಕ್ಯಾಮೆರಾಕ್ಕೆ ಕಾಣುತ್ತದೆ. ಶಟರನ್ನು, ಅಂದರೆ ಒಂದೊಂದು ಫ್ರೇಮಿಗೂ ಬೆಳಕು ಬೀಳುವ ಹೊತ್ತನ್ನು, 1/50 ಸೆಕೆಂಡಿಗೆ ಇಟ್ಟರೆ ಪ್ರತಿ ಫ್ರೇಮಿಗೂ ಸರಿಯಾಗಿ ಎರಡು ಮಿಣುಕು ದಕ್ಕಿ ಚಿತ್ರ ನಿಶ್ಚಲವಾಗಿರುತ್ತದೆ. ಅಂದು ಕರೆಂಟು ಹೋಯಿತು, ಬಾಡಿಗೆಯ ಸಣ್ಣ ಜನರೇಟರ್ ಹಚ್ಚಿದೆವು, ಅದರ ಓಟ ಏರಿಳಿಯುತ್ತಿದ್ದುದನ್ನು ನಾನು ಗಮನಿಸಲಿಲ್ಲ. ಬೆಳಿಗ್ಗೆ ನೋಡಿದರೆ ಮಿಣುಕಿನ ಲೆಕ್ಕ ತಪ್ಪಿ ಅಜ್ಜಿಯ ಪಾತ್ರಧಾರಿಯ ಮುಖದ ಮೇಲೆ ಮಸುಕು ಪಟ್ಟಿಗಳು ತೆವಳುತ್ತಿದ್ದವು. ಇಡೀ ರಾತ್ರಿಯ ಕೆಲಸ ದಂಡವಾಯಿತು, ತಪ್ಪು ನನ್ನದೇ.

ಇನ್ನೊಂದು ರಾತ್ರಿಗೆ ದುಡ್ಡಿರಲಿಲ್ಲವಾದ್ದರಿಂದ ನಿರ್ದೇಶಕರು ದೃಶ್ಯವನ್ನು ಮುಂಜಾವಿಗೆ ಬದಲಿಸಿದರು. ಪಡುವಣ ಕಿಟಕಿಯ ಆಚೆ, ಕಾಫಿ ಕಣದಲ್ಲಿ ಮನೆಯ ನೆರಳು ಮುಗಿಯುವಲ್ಲಿ, ಮಾಲೀಕರ ಬಿಳಿ ಪಂಚೆಯನ್ನು ಎರಡು ಗಳುಗಳಿಗೆ ಬಿಗಿದೆವು. ಅದಕ್ಕೆ ಬಿದ್ದ ಬಿಸಿಲು ಮೆತ್ತಗಾಗಿ ಒಳಗೆ ಬಂದು ಅಜ್ಜಿಯ ಕೆನ್ನೆಯ ಸುಕ್ಕುಗಳನ್ನು ಒಂದೊಂದಾಗಿ ತೋರಿಸಿತು. ಉಪಾಯ ನನ್ನದೇನಲ್ಲ. ಸತ್ಯಜಿತ್ ರಾಯ್ ಅವರ 1956ರ ಚಿತ್ರ ‘ಅಪರಾಜಿತೊ’ಗಾಗಿ ಸ್ಟುಡಿಯೊದಲ್ಲಿ ಕಟ್ಟಿದ ಕಾಶಿಯ ಮನೆಯಂಗಳಕ್ಕೆ, ಬಿಳಿ ಬಟ್ಟೆಗೆ ದೀಪ ಹಾಯಿಸಿ, ಬಯಲ ಬೆಳಕನ್ನು ತಂದವರು ಅದರ ಛಾಯಾಗ್ರಾಹಕ ಸುಬ್ರತೊ ಮಿತ್ರ.

ಕಲಿಯಲು ದಾರಿಯಿದೆ. ಛಾಯಾಗ್ರಾಹಕರಲ್ಲಿ ಮೊದಲಿಗರಾಗಿ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ (2008ನೇ ಸಾಲಿನದು) ಪಡೆದ ಮೈಸೂರಿನ ವಿ.ಕೆ. ಮೂರ್ತಿಯವರು ಓದಿದ್ದು ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. ಈಗ ಛಾಯಾಗ್ರಹಣದ ಡಿಪ್ಲೊಮಾ ಹೆಸರಘಟ್ಟದ ಸರ್ಕಾರಿ ಸಂಸ್ಥೆಯಲ್ಲಿದೆ, ವಿಚಾರಿಸಿ ನೋಡು.

ಸಾಲ ಮಾಡಿ ಕ್ಯಾಮೆರಾ ಮಾತ್ರ ಕೊಡಿಸಬೇಡ. ದಿನಬಾಡಿಗೆಗೆ ಎಲ್ಲವೂ ಸಿಗುತ್ತದೆ, ಕೊಂಡದ್ದು ಎರಡೇ ವರ್ಷದಲ್ಲಿ ಹಳತಾಗುತ್ತದೆ. ಮಳೆ ಹಿಡಿಯುವ ಮುನ್ನ ಬೇಲೂರಿನ ಹತ್ತಿರ ಹತ್ತು ದಿನಗಳ ಕೆಲಸವಿದೆ. ಹುಡುಗನನ್ನು ಲೈಟ್ ಹುಡುಗರ ಜೊತೆ ಬಿಡು, ಊಟ, ಬಸ್ ಚಾರ್ಜು ನನ್ನದು. ಬರುವಾಗ ಎರಡು ಹಳೆಯ ಪಂಚೆ ಕೊಟ್ಟು ಕಳಿಸು, ನೀಲಿ ಹಾಕಿ ಒಗೆದದ್ದು ಬೇಡ.

ಇಂತಿ ನಿನ್ನ ಗೆಳೆಯ