ನಮ್ಮ ಬಿಸಿಲು ಕ್ರೀಮ್ ಯಾಕೆ ಬದಲಾಯಿತು: ಗ್ರಾಹಕರಿಗೆ ಒಂದು ಪತ್ರ

ಕಲಬುರಗಿ

ನಮ್ಮ ಎಲ್ಲ ಗ್ರಾಹಕರಿಗೆ ನಮಸ್ಕಾರ,

ಈ ತಿಂಗಳಿಂದ ನಮ್ಮ ಸಂಘದ ಮಳಿಗೆಯಲ್ಲಿ ಸಿಗುವ ಬಿಸಿಲು ಕ್ರೀಮ್ ಮೊದಲಿನ ಹಾಗೆ ಇರುವುದಿಲ್ಲ. ಅದರಲ್ಲಿದ್ದ ಬೆಂಜೋಫಿನೋನ್-3 ಎಂಬ ರಾಸಾಯನಿಕವನ್ನು ತೆಗೆಸಿದ್ದೇವೆ. ಅದರ ಜಾಗಕ್ಕೆ ಜಿಂಕ್ ಆಕ್ಸೈಡ್ ಬಂದಿದೆ. ಹೊಸ ಕ್ರೀಮ್ ಸ್ವಲ್ಪ ಗಟ್ಟಿ. ಹಚ್ಚಿದ ಕೂಡಲೇ ಮುಖ ಬೆಳ್ಳಗೆ ಕಾಣುತ್ತದೆ. 50 ಗ್ರಾಂ ಟ್ಯೂಬಿಗೆ 35 ರೂಪಾಯಿ ಜಾಸ್ತಿಯೂ ಆಗಿದೆ. ಚೆನ್ನಾಗಿದ್ದ ಕ್ರೀಮನ್ನು ಸುಮ್ನೆ ಯಾಕೆ ಬದಲಾಯಿಸಿದಿರಿ ಅಂತ ಈಗಾಗಲೇ ಕೆಲವರು ಕೇಳಿದ್ದಾರೆ. ಎಲ್ಲರಿಗೂ ಒಂದೇ ಸಲ ಹೇಳಿಬಿಡೋಣ ಅಂತ ಈ ಪತ್ರ.

ಹೋದ ವರ್ಷ ಏಪ್ರಿಲ್‌ನಲ್ಲಿ ಒಬ್ಬ ಟೀಚರ್ ಮಳಿಗೆಗೆ ಬಂದಿದ್ದರು. ದಿನಾ ಸ್ಕೂಟಿಯಲ್ಲಿ ಆಳಂದ ರಸ್ತೆ ಕಡೆಯ ಶಾಲೆಗೆ ಹೋಗಿ ಬರುವವರು. ಎರಡು ವರ್ಷದ ಹಿಂದೆ ಬೇರೆ ಯಾವುದೋ ಕ್ರೀಮಿನಿಂದ ಅವರಿಗೆ ತುರಿಕೆ ಎದ್ದು, ಚರ್ಮದ ಡಾಕ್ಟರು ಪರೀಕ್ಷೆ ಮಾಡಿ ಒಂದು ಚೀಟಿ ಬರೆದುಕೊಟ್ಟಿದ್ದರು: ಆಕ್ಸಿಬೆಂಜೋನ್ ಇರುವ ಯಾವುದನ್ನೂ ಹಚ್ಚಬೇಡಿ. ಆ ಚೀಟಿಯನ್ನು ಅವರು ಪರ್ಸಿನಲ್ಲೇ ಇಟ್ಟುಕೊಂಡು ಓಡಾಡುತ್ತಿದ್ದರು. ನಮ್ಮ ಟ್ಯೂಬನ್ನು ಮೊಬೈಲ್ ಕ್ಯಾಮೆರಾದಲ್ಲಿ ದೊಡ್ಡದು ಮಾಡಿ, ಇಂಗ್ಲಿಷಿನ ಸಣ್ಣ ಅಕ್ಷರಗಳನ್ನು ಒಂದೊಂದಾಗಿ ಓದಿದರು. ಆಕ್ಸಿಬೆಂಜೋನ್ ಕಾಣಲಿಲ್ಲ. ಆದರೂ ಕೌಂಟರ್‌ನಲ್ಲಿದ್ದ ನಮ್ಮವರನ್ನು ಕೇಳಿದರು, "ಇದ್ರಾಗ ಅದು ಇಲ್ಲಲ್ರಿ ಅಕ್ಕಾ?" ನಮ್ಮವರೂ ಪಟ್ಟಿ ನೋಡಿದರು. "ಇಲ್ರಿ ಟೀಚರ್, ಧೈರ್ಯವಾಗಿ ಒಯ್ರಿ" ಅಂದುಬಿಟ್ಟರು.

ಹತ್ತು ದಿನ ಆದ ಮೇಲೆ ಅವರು ಮತ್ತೆ ಬಂದರು. ಮುಖ, ಕೊರಳು, ರವಿಕೆ ತೋಳಿನ ಕೆಳಗಿನ ಕೈ, ಎಲ್ಲ ಕಡೆ ಕೆಂಪಗೆ ದದ್ದು. ಮಾತಾಡುತ್ತಾ ಅವರು ಕೈಗಡಿಯಾರ ಬಿಚ್ಚಿ ತೋರಿಸಿದರು. ಬೆಲ್ಟ್ ಇದ್ದ ಜಾಗದಲ್ಲಿ ಮಾತ್ರ ಚರ್ಮ ನುಣ್ಣಗಿತ್ತು, ಬಳೆ ತೊಟ್ಟ ಹಾಗೆ ಒಂದು ಪಟ್ಟಿ. ಅಲ್ಲಿಗೂ ಕ್ರೀಮ್ ಹಚ್ಚಿದ್ದರು, ಬಿಸಿಲು ಮಾತ್ರ ಬಿದ್ದಿರಲಿಲ್ಲ.

ಅವತ್ತು ಸಂಜೆ ನಮಗೆ ಕ್ರೀಮ್ ಮಾಡಿಕೊಡುವ ಕಾರ್ಖಾನೆಗೆ ಫೋನ್ ಮಾಡಿದೆವು. ಅವರು ಹೇಳಿದ ಮೇಲೆ ಗೊತ್ತಾಯಿತು. ಡಾಕ್ಟರ ಚೀಟಿಯ ಆಕ್ಸಿಬೆಂಜೋನ್, ನಮ್ಮ ಟ್ಯೂಬಿನ ಬೆಂಜೋಫಿನೋನ್-3, ಎರಡೂ ಒಂದೇ ವಸ್ತು. ಟ್ಯೂಬಿನ ಮೇಲೆ ಸುಳ್ಳು ಅಚ್ಚಾಗಿರಲಿಲ್ಲ. ಆದರೆ ನಾವು ಗೊತ್ತಿಲ್ಲದೆ ಕೊಟ್ಟ ಉತ್ತರ ಸುಳ್ಳಾಗಿತ್ತು. ಟೀಚರ್ ಹತ್ತಿರ ಆಗಲೇ ಕ್ಷಮೆ ಕೇಳಿದ್ದೇವೆ. ಹೀಗೆಯೇ ಕೇಳಿ, ನಮ್ಮ ಮಾತು ನಂಬಿ ಒಯ್ದವರು ಇನ್ನೂ ಇರಬಹುದು. ಅವರೆಲ್ಲರ ಹತ್ತಿರ ಈ ಪತ್ರದಲ್ಲಿ ಕ್ಷಮೆ ಕೇಳುತ್ತೇವೆ.

ಒಂದು ವಸ್ತುವಿಗೆ ಇಷ್ಟು ಹೆಸರು ಯಾಕೆ? ಅಮೆರಿಕದಲ್ಲಿ ಬಿಸಿಲು ಕ್ರೀಮ್ ಔಷಧಿಯ ಲೆಕ್ಕಕ್ಕೆ ಬರುತ್ತದೆ. ಹಾಗಾಗಿ ಅಲ್ಲಿ ಔಷಧಿಗೆ ಇಡುವ ಥರದ ಹೆಸರು, ಆಕ್ಸಿಬೆಂಜೋನ್. ಯುರೋಪಿನಲ್ಲಿ, ನಮ್ಮಲ್ಲಿ ಅದು ಸ್ನೋ, ಪೌಡರ್ ಇದ್ದ ಹಾಗೆ ಸೌಂದರ್ಯವರ್ಧಕ. ಸೌಂದರ್ಯವರ್ಧಕಗಳ ಪದಾರ್ಥ ಪಟ್ಟಿಗಳಲ್ಲಿ ಬಳಸುವ ಅಂತರರಾಷ್ಟ್ರೀಯ ಹೆಸರು ಬೆಂಜೋಫಿನೋನ್-3. ರಸಾಯನಶಾಸ್ತ್ರ ಓದಿದವರು 2-ಹೈಡ್ರಾಕ್ಸಿ-4-ಮೆಥಾಕ್ಸಿಬೆಂಜೋಫಿನೋನ್ ಅನ್ನುತ್ತಾರೆ. ಇದರ ಮೇಲೆ ತಯಾರಕರು ಇಟ್ಟ ವ್ಯಾಪಾರದ ಹೆಸರುಗಳು ಬೇರೆ. ನಮ್ಮೂರಿನವರಿಗೆ ಇದು ಅರ್ಥವಾಗದ ಮಾತಲ್ಲ. 2014ರ ನವೆಂಬರ್ 1ರಂದು ಗುಲ್ಬರ್ಗಾ ಹೋಗಿ ಕಲಬುರಗಿ ಆಯಿತು, ಆದರೆ ನಮ್ಮ ವಿಶ್ವವಿದ್ಯಾಲಯ ಇವತ್ತಿಗೂ ಗುಲ್ಬರ್ಗಾ ವಿಶ್ವವಿದ್ಯಾಲಯವೇ. ಹೊರಗಿನವರು ಇವೆರಡು ಬೇರೆ ಊರು ಅಂದುಕೊಂಡರೆ ಅವರ ತಪ್ಪಿಲ್ಲ, ಅಲ್ವಾ? ಟೀಚರಿಗೂ ಹಾಗೇ ಆಗಿತ್ತು.

ಇನ್ನು ಆ 3 ಅನ್ನುವ ಅಂಕಿ. ಅದು 3 ಪರ್ಸೆಂಟ್ ಅಂತ ನಮ್ಮಲ್ಲೇ ಕೆಲವರು ತಿಳಿದಿದ್ದರು. ಹಾಗಲ್ಲ. ಬೆಂಜೋಫಿನೋನ್‌ದು ಒಂದು ದೊಡ್ಡ ಕುಟುಂಬ, ಅದರಲ್ಲಿ ಇದರ ನಂಬರ್ 3, ಅಷ್ಟೇ. ಬೆಂಜೋಫಿನೋನ್-4 ಅಂತ ಇನ್ನೊಂದಿದೆ, ಅದಕ್ಕೆ ಸುಲಿಸೊಬೆಂಜೋನ್ ಅಂತಲೂ ಹೆಸರು. ಅದು ನೀರಿನಲ್ಲಿ ಕರಗುವಂಥದ್ದು, ಶಾಂಪೂಗಳಲ್ಲಿ ಇರುತ್ತದೆ. ಕೆಲವರಿಗೆ ಅದೂ ಆಗಿಬರುವುದಿಲ್ಲ.

ಬೆಂಜೋಫಿನೋನ್-3 ಅನ್ನು ಕೆಟ್ಟ ವಸ್ತು ಅಂತ ದೂರುವುದು ನಮಗೆ ಸರಿ ಕಾಣುವುದಿಲ್ಲ. ಅದು ತಿಳಿ ಹಳದಿ ಪುಡಿ, ಎಣ್ಣೆಯಲ್ಲಿ ಕರಗುತ್ತದೆ. ಬಿಸಿಲಿನಲ್ಲಿ ಕಣ್ಣಿಗೆ ಕಾಣದ ನೇರಳಾತೀತ ಕಿರಣ ಇರುತ್ತದಲ್ಲ, ಅದನ್ನು ತಾನು ಹೀರಿಕೊಂಡು ಸಣ್ಣ ಶಾಖವಾಗಿ ಬಿಟ್ಟುಬಿಡುತ್ತದೆ. ಅದರಲ್ಲಿ ಚರ್ಮವನ್ನು ಸುಡುವ ಯುವಿಬಿ ಕಿರಣವನ್ನು ತಡೆಯುತ್ತದೆ, ಚರ್ಮದಲ್ಲಿ ಇನ್ನೂ ಆಳಕ್ಕೆ ಇಳಿಯುವ ಯುವಿಎ ಕಿರಣದಲ್ಲೂ ಒಂದು ಭಾಗವನ್ನು ತಡೆಯುತ್ತದೆ. ಮುಖದ ಮೇಲೆ ಬಿಳಿ ಉಳಿಸುವುದಿಲ್ಲ. ಅಗ್ಗವೂ ಹೌದು. ಇಷ್ಟು ಗುಣ ಇರುವುದಕ್ಕೇ ಎಷ್ಟೋ ವರ್ಷ ಎಲ್ಲ ಕಡೆ ಬಳಕೆಯಾಯಿತು. ನಮ್ಮ ದೇಶದಲ್ಲಿ ಅದಕ್ಕೆ ನಿಷೇಧ ಇಲ್ಲ. ಅಮೆರಿಕದಲ್ಲಿ 6 ಪರ್ಸೆಂಟ್ ತನಕ ಹಾಕಬಹುದು. ಯುರೋಪಿನವರು 2022ರಲ್ಲಿ ನಿಯಮ ಬಿಗಿ ಮಾಡಿದರು: ಮುಖ, ಕೈಗೆ ಹಚ್ಚುವ ಕ್ರೀಮಿಗೆ 6 ಪರ್ಸೆಂಟ್, ಮೈಗೆಲ್ಲ ಹಚ್ಚುವುದಕ್ಕೆ 2.2 ಪರ್ಸೆಂಟ್ ಮಾತ್ರ. ಅದು ಚರ್ಮದೊಳಗೆ ಇಳಿದು ರಕ್ತಕ್ಕೆ ಸೇರುತ್ತದೆ ಅಂತ ಪರೀಕ್ಷೆಗಳಲ್ಲಿ ಕಂಡಿದೆ. ಸೇರಿದ್ದರಿಂದ ಕೇಡಾಗುತ್ತದೆ ಅಂತ ಅದರಿಂದಲೇ ಹೇಳಲಾಗುವುದಿಲ್ಲ, ಇನ್ನೂ ಪರೀಕ್ಷೆ ಆಗಬೇಕು ಅಂತ ಅಮೆರಿಕದ ಔಷಧ ಇಲಾಖೆ ಹೇಳಿದೆ.

ಹವಾಯಿಯಲ್ಲಿ ಇದನ್ನು ನಿಲ್ಲಿಸಿದ್ದಾರಂತೆ ಅಂತ ಮೊಬೈಲಿನಲ್ಲಿ ನೋಡಿ ಕೇಳುವವರಿದ್ದಾರೆ. ನಿಜ. 2018ರಲ್ಲಿ ಕಾನೂನು ಆಗಿ, 2021ರ ಜನವರಿ 1ರಿಂದ ಅಲ್ಲಿ ಮಾರಾಟ ನಿಂತಿದೆ. ಸಮುದ್ರದ ಹವಳಕ್ಕೆ ತೊಂದರೆ ಅನ್ನುವ ಕಾರಣಕ್ಕೆ. ನಾವು ತೆಗೆದಿದ್ದು ಆ ಕಾರಣಕ್ಕಲ್ಲ. ನಮ್ಮ ಮುಂದೆ ನಿಂತು ಕೈಗಡಿಯಾರ ಬಿಚ್ಚಿದವರಿಗಾಗಿ ತೆಗೆದಿದ್ದೇವೆ.

ಬಿಸಿಲು ಕ್ರೀಮುಗಳಿಂದ ಅಲರ್ಜಿ ಆಗುವವರೇ ಕಡಿಮೆ. ಆದರೆ ಆದವರಲ್ಲಿ ಬೆಂಜೋಫಿನೋನ್-3 ಹೆಸರು ಮತ್ತೆ ಮತ್ತೆ ಬರುತ್ತದೆ. ಅಮೆರಿಕದ ಚರ್ಮ ಅಲರ್ಜಿ ತಜ್ಞರ ಸಂಘ 2014ರಲ್ಲಿ ಬೆಂಜೋಫಿನೋನ್‌ಗಳನ್ನೇ ಆ ವರ್ಷದ ಅಲರ್ಜಿಕಾರಕ ಅಂತ ಎತ್ತಿ ಹೇಳಿತ್ತು. ಇದರ ಅಲರ್ಜಿಯಲ್ಲಿ ಒಂದು ಮೋಸ ಇದೆ. ಕ್ರೀಮ್ ಒಂದೇ ಇದ್ದರೆ ಏನೂ ಆಗದೆ, ಮೇಲೆ ಬಿಸಿಲು ಬಿದ್ದಾಗ ಮಾತ್ರ ತುರಿಕೆ ಏಳುವುದುಂಟು. ಮೊಣಕೈ ಒಳಗೆ ಸ್ವಲ್ಪ ಹಚ್ಚಿ, ಮನೆಯೊಳಗೇ ಇದ್ದು ನೋಡಿ, ಏನೂ ಆಗಲಿಲ್ಲ ಅಂತ ನೆಮ್ಮದಿಯಾಗುತ್ತೀರಿ. ಮೂರನೇ ದಿನ ಹೊಲಕ್ಕೆ ಹೋದಾಗ ಗೊತ್ತಾಗುತ್ತದೆ. ಮಂಡಿನೋವಿಗೆ ಕೀಟೊಪ್ರೊಫೆನ್ ಜೆಲ್ ಹಚ್ಚಿ ಬಿಸಿಲಿಗೆ ಹೋದಾಗ ದದ್ದು ಎದ್ದವರು ಇನ್ನೂ ಹುಷಾರಾಗಿರಬೇಕು. ಅಂಥವರಿಗೆ ಬೆಂಜೋಫಿನೋನ್-3 ಕೂಡ ಆಗದೇ ಇರಬಹುದು. ಬಣ್ಣ ಮಾಸದಿರಲಿ ಅಂತ ಇದನ್ನು ನೇಲ್ ಪಾಲಿಶ್, ಸೆಂಟ್‌ಗಳಲ್ಲೂ ಹಾಕುತ್ತಾರೆ. ಚೀಟಿ ಇದ್ದವರು ಅವುಗಳ ಡಬ್ಬಿಯನ್ನೂ ಓದಿ, ಎರಡೂ ಹೆಸರು ಹುಡುಕಿ.

ಹೆಸರನ್ನು ದೊಡ್ಡದಾಗಿ ಅಚ್ಚು ಹಾಕಿಸಿ, ಕ್ರೀಮನ್ನು ಹಾಗೇ ಬಿಡೋಣ ಅಂತಲೂ ನಮ್ಮ ಸಭೆಯಲ್ಲಿ ಮಾತು ಬಂತು. ಯುರೋಪಿನಲ್ಲಿ ಬೆಂಜೋಫಿನೋನ್-3 ಇದೆ ಅಂತ ಬಿಸಿಲು ಕ್ರೀಮಿನ ಮೇಲೆ ಬೇರೆಯಾಗಿ ಬರೆಯಲೇಬೇಕು, ಹಾಗೆ ಮಾಡಿದರೆ ಸಾಕಲ್ಲ ಅಂತ. ಆದರೆ ನಮ್ಮ ಟ್ಯೂಬ್ ಮನೆಯಲ್ಲಿ ಒಬ್ಬರೇ ಬಳಸುವುದಲ್ಲ. ಅತ್ತೆ, ಸೊಸೆ, ಶಹಾಬಾದ್ ಕಡೆ ಕಲ್ಲಿನ ಕೆಲಸಕ್ಕೆ ಹೋಗುವ ಮಗ, ಎಲ್ಲರೂ ಅದನ್ನೇ ಒತ್ತಿ ಹಚ್ಚಿಕೊಳ್ಳುತ್ತಾರೆ. ಓದಿದವರು ಒಬ್ಬರು, ಹಚ್ಚುವವರು ನಾಲ್ಕು ಜನ. ಅದಕ್ಕೇ ತೆಗೆಸಿದ್ದು.

ಜಿಂಕ್ ಆಕ್ಸೈಡ್ ನಿಮಗೆ ಹೊಸದಲ್ಲ. ಬೆವರುಸಾಲೆಗೆ ಹಚ್ಚುವ ಕ್ಯಾಲಮೈನ್‌ನಲ್ಲಿ ಇರುವುದು ಅದೇ. ಅದು ಯುವಿಬಿ, ಯುವಿಎ ಎರಡನ್ನೂ ತಡೆಯುತ್ತದೆ, ಅದರಿಂದ ಅಲರ್ಜಿ ಆಗುವುದು ತೀರಾ ಅಪರೂಪ. ಬಿಳಿ ಕಾಣುವುದು ಮಾತ್ರ ನಿಜವಾದ ಕೊರತೆ, ನಮ್ಮ ಬಣ್ಣದ ಚರ್ಮಕ್ಕೆ ಇನ್ನೂ ಎದ್ದು ಕಾಣುತ್ತದೆ. ಒಂದೇ ಸಲ ಬಳಿಯದೆ ಚುಕ್ಕಿ ಚುಕ್ಕಿ ಇಟ್ಟು, ನಿಧಾನ ಹರಡಿ. ಸ್ವಲ್ಪ ಹೊತ್ತಿಗೆ ಕಡಿಮೆಯಾಗುತ್ತದೆ, ಪೂರ್ತಿ ಹೋಗುವುದಿಲ್ಲ. ಬಿಳಿ ಕಾಣಬಾರದು ಅಂತ ತೆಳ್ಳಗೆ ಮಾತ್ರ ಹಚ್ಚಬೇಡಿ. ಹೊಸ ಕ್ರೀಮನ್ನು ಮತ್ತೆ ಪರೀಕ್ಷೆ ಮಾಡಿಸಿದ್ದೇವೆ, ಬಿಸಿಲು ಸುಡದ ಹಾಗೆ ಎಷ್ಟು ಕಾಯುತ್ತದೆ ಅಂತ ಹೇಳುವ ಅಳತೆಯಾದ ಎಸ್‌ಪಿಎಫ್ ಮೊದಲಿನಷ್ಟೇ, 30. ಆದರೆ ಆ 30 ಸಿಗುವುದು ಪರೀಕ್ಷೆಯಲ್ಲಿ ಹಚ್ಚಿದಷ್ಟು ದಪ್ಪ ಹಚ್ಚಿದಾಗ. ಮುಖ ಮತ್ತು ಕೊರಳಿಗೆ ಎರಡು ಬೆರಳಿನ ಉದ್ದಕ್ಕೂ ಹಿಂಡಿದಷ್ಟು ಕ್ರೀಮ್ ಬೇಕು. ಕಡಲೆಕಾಳಿನಷ್ಟು ಹಚ್ಚಿ ಮೇ ತಿಂಗಳ ಬಿಸಿಲಿಗೆ ಹೋದರೆ ಯಾವ ಕ್ರೀಮೂ ಕಾಯುವುದಿಲ್ಲ. ಹೊರಗೇ ಕೆಲಸ ಮಾಡುವವರು ಎರಡು ತಾಸಿಗೊಮ್ಮೆ ಬೆವರು ಒರೆಸಿ ಮತ್ತೆ ಹಚ್ಚಿ. ತಲೆ ಮೇಲಿನ ಸೆರಗು, ರುಮಾಲು ತೆಗೆಯಬೇಡಿ. ಆರು ತಿಂಗಳ ಒಳಗಿನ ಕೂಸಿಗೆ ಕ್ರೀಮ್ ಬೇಡ, ನೆರಳು ಮತ್ತು ಬಟ್ಟೆ ಸಾಕು.

ಮನೆಯಲ್ಲಿ ಹಳೆ ಟ್ಯೂಬ್ ಇದ್ದವರು ಹೆದರಿ ಬಿಸಾಡಬೇಕಿಲ್ಲ. ಇಷ್ಟು ದಿನ ಬಿಸಿಲಲ್ಲಿ ಹಚ್ಚಿಯೂ ಏನೂ ಆಗಿಲ್ಲ ಅಂದರೆ ಮುಗಿಸಬಹುದು. ಬೇಡ ಅನಿಸಿದರೆ ಅರ್ಧ ಬಳಸಿದ್ದರೂ ಪರವಾಗಿಲ್ಲ, ತಂದು ಕೊಡಿ, ಹೊಸದು ಕೊಡುತ್ತೇವೆ. ಹೆಚ್ಚಿನ 35 ರೂಪಾಯಿ ಕೇಳುವುದಿಲ್ಲ. ಬಿಲ್ ಇಲ್ಲದಿದ್ದರೂ ನಡೆಯುತ್ತದೆ. ದದ್ದು ಎದ್ದವರು ಮೊದಲು ಕ್ರೀಮ್ ನಿಲ್ಲಿಸಿ, ಡಾಕ್ಟರ ಹತ್ತಿರ ಹೋಗುವಾಗ ಟ್ಯೂಬನ್ನೂ ಒಯ್ಯಿರಿ.

ಕೌಂಟರ್ ಹಿಂದಿನ ಗೋಡೆಗೆ ಒಂದು ಹಾಳೆ ಅಂಟಿಸಿದ್ದೇವೆ. ನಾವು ಮಾರುವ ಕ್ರೀಮ್, ಸೋಪು, ಎಣ್ಣೆಗಳಲ್ಲಿರುವ ಒಂದೊಂದು ಪದಾರ್ಥಕ್ಕೂ ಎಷ್ಟು ಹೆಸರಿದೆಯೋ ಅಷ್ಟನ್ನೂ ಕನ್ನಡದಲ್ಲಿ ಬರೆದಿದ್ದೇವೆ. ಡಾಕ್ಟರ ಚೀಟಿ ತಂದರೆ ಆ ಹಾಳೆಯ ಜೊತೆ ಹೋಲಿಸಿ ನೋಡುತ್ತೇವೆ. ಅದರಲ್ಲಿ ಇಲ್ಲದ ಹೆಸರು ಬಂದರೆ ಕಾರ್ಖಾನೆಗೆ ಫೋನ್ ಮಾಡಿ ಕೇಳುತ್ತೇವೆ. ಉತ್ತರ ಬರುವ ತನಕ ಆ ಟ್ಯೂಬನ್ನು ನಿಮಗೆ ಮಾರುವುದಿಲ್ಲ.

ನಿಮ್ಮ,
ಸಂಘದ ಮಳಿಗೆಯ ಅಕ್ಕಂದಿರು