ಕುಂಡದ ತಳಕ್ಕೆ ಜಲ್ಲಿ ಬೇಡ

ಮಾನ್ಯರೇ,

ಮಳೆಗಾಲ ಹಿಡಿಯುವ ಮೊದಲು ಹೂಕುಂಡಗಳ ಮಣ್ಣು ಬದಲಿಸುವ ಕೆಲಸ ನಮ್ಮ ಚಿಕ್ಕಮಗಳೂರಿನ ಮನೆಮನೆಗಳಲ್ಲೂ ನಡೆದಿದೆ. ನೀರು ಚೆನ್ನಾಗಿ ಬಸಿಯಲೆಂದು ತಳದಲ್ಲಿ ನಾಲ್ಕು ಬೆರಳಷ್ಟು ಜಲ್ಲಿಯನ್ನೋ ಹೆಂಚಿನ ಚೂರನ್ನೋ ಹರಡಿ, ಅದರ ಮೇಲೆ ಮಣ್ಣು ತುಂಬಬೇಕೆಂದು ನರ್ಸರಿಯವರು ಹೇಳುತ್ತಾರೆ, ತೋಟಗಾರಿಕೆ ಅಂಕಣಗಳೂ ಬರೆಯುತ್ತವೆ. ನಾನೂ ಬಹಳ ವರ್ಷ ಹಾಗೆಯೇ ಮಾಡಿದವಳು.

ಕಳೆದ ಆಷಾಢದ ಜಡಿಮಳೆಯಲ್ಲಿ ಆಂಥೂರಿಯಂ ಗಿಡಗಳು ಒಂದೊಂದಾಗಿ ಹಳದಿ ತಿರುಗಿದಾಗ ಒಂದು ಕುಂಡವನ್ನು ಬೋರಲು ಹಾಕಿ ನೋಡಿದೆ. ಜಲ್ಲಿಯ ಸಂದುಗಳಲ್ಲಿ ನೀರು ನಿಂತಿರಲಿಲ್ಲ. ಅದರ ಮೇಲೆ ಕುಳಿತಿದ್ದ ಮಣ್ಣು ಮಾತ್ರ ಹಿಂಡಿದರೆ ನೀರು ಸುರಿಯುವಷ್ಟು ನೆನೆದಿತ್ತು. ಕಂದು ಬಣ್ಣಕ್ಕೆ ತಿರುಗಿದ ಬೇರನ್ನು ಎಳೆದರೆ ಸಿಪ್ಪೆ ಕಳಚಿ ಬರೀ ನೂಲಿನಂಥ ಎಳೆ ಕೈಗೆ ಬರುತ್ತಿತ್ತು.

ಸಣ್ಣ ಸಂದುಗಳ ಮಣ್ಣು ತಾನು ಹೀರಿದ ನೀರನ್ನು ಪೂರ್ತಿ ತುಂಬಿ ತುಳುಕುವವರೆಗೆ ಕೆಳಗಿನ ದೊಡ್ಡ ಸಂದುಗಳಿಗೆ ಬಿಟ್ಟುಕೊಡುವುದಿಲ್ಲ. ಯಾವ ಕುಂಡದಲ್ಲೇ ಆಗಲಿ, ಮಣ್ಣಿನ ಅಡಿಭಾಗದಲ್ಲಿ ಹೀಗೆ ನೆನೆದೇ ಇರುವ ಒಂದು ಪಟ್ಟಿ ಉಳಿಯುತ್ತದೆ. ಅದರ ಎತ್ತರವನ್ನು ನಿರ್ಧರಿಸುವುದು ಮಣ್ಣು ಎಷ್ಟು ನುಣುಪು ಎಂಬುದೇ ಹೊರತು ಕುಂಡದ ಆಳವಲ್ಲ. 12 ಇಂಚಿನ ಕುಂಡಕ್ಕೆ 3 ಇಂಚು ಜಲ್ಲಿ ಹಾಕಿದರೆ ಆ ಪಟ್ಟಿ ಅಷ್ಟೇ ಮೇಲೇರಿ ಬೇರಿಗೆ ಹತ್ತಿರವಾಗುತ್ತದೆ. ನಂಬಿಕೆ ಬಾರದವರು ಪಾತ್ರೆ ತೊಳೆಯುವ ಸ್ಪಂಜನ್ನು ನೀರಲ್ಲಿ ಅದ್ದಿ ಅಡ್ಡಡ್ಡ ಹಿಡಿಯಲಿ. ತೊಟ್ಟಿಕ್ಕುವುದು ನಿಂತ ಮೇಲೆ ಉದ್ದುದ್ದ ನಿಲ್ಲಿಸಿದರೆ ಮತ್ತೆ ನೀರು ಇಳಿಯುತ್ತದೆ. ನಮ್ಮ ಮಣ್ಣಿಗೂ ಬೇಕಾದದ್ದು ನಿಲ್ಲಿಸಿದ ಸ್ಪಂಜಿನ ಆ ಎತ್ತರವೇ.

ಅದೇ ಹೆಂಚಿನ ಚೂರು, ಇದ್ದಿಲು, ತೆಂಗಿನ ಸಿಪ್ಪೆಯ ತುಂಡುಗಳನ್ನು ತಳದಲ್ಲಿ ಪದರವಾಗಿ ಹಾಕದೆ ಮಿಶ್ರಣದುದ್ದಕ್ಕೂ ಬೆರೆಸಿದರೆ ಆಂಥೂರಿಯಂ ಬೇರಿಗೆ ಗಾಳಿ ಸಿಗುತ್ತದೆ. ತೆಂಗಿನ ಸಿಪ್ಪೆಗೆ ಅರಸೀಕೆರೆ, ಚನ್ನರಾಯಪಟ್ಟಣದ ಸೀಮೆ ಪಕ್ಕದಲ್ಲೇ ಇರುವಾಗ ನಮಗೇನು ಬರ? ಆದರೆ ತೆಂಗಿನ ನಾರಿನ ಪುಡಿಯಾದ ಕೊಕೊಪೀಟ್ ಒಂದನ್ನೇ ತುಂಬಿದರೆ ಅದು ತನ್ನ ತೂಕದ ಹಲವು ಪಟ್ಟು ನೀರು ಹಿಡಿದಿಟ್ಟುಕೊಂಡು ಮಳೆಗಾಲದಲ್ಲಿ ಅದೇ ಪಾಡು ತರುತ್ತದೆ. ಹಗುರವಾಗಲೆಂದು ದೊಡ್ಡ ಕುಂಡಗಳ ತಳಕ್ಕೆ ಥರ್ಮೋಕೋಲ್ ತುರುಕುವುದರಿಂದ ತೂಕ ಇಳಿಯಬಹುದೇ ವಿನಾ ನೀರು ಬಸಿಯುವುದಿಲ್ಲ. ಮರುವರ್ಷ ಅದರ ಬಿಳಿ ಗುಂಡುಗಳು ಅಂಗಳದ ತುಂಬ ಹಾರಾಡುತ್ತವೆ. ಮಣ್ಣು ಸೋರದಂತೆ ರಂಧ್ರದ ಮೇಲೆ ಒಂದು ತುಂಡು ಸೊಳ್ಳೆಪರದೆಯ ಬಲೆ ಸಾಕು. ಪ್ಲಾಸ್ಟಿಕ್ ಕುಂಡಗಳಲ್ಲಿ ರಂಧ್ರದ ಗುರುತಷ್ಟೇ ಇದ್ದು ತೂತು ಇಲ್ಲದಿರುವುದೂ ಉಂಟು, ಕೊಂಡ ಕೂಡಲೇ ನೋಡಿಕೊಳ್ಳಬೇಕು.

ಜಿಲ್ಲೆಯ ಫಲಪುಷ್ಪ ಪ್ರದರ್ಶನಗಳಲ್ಲಿ ಹೂವಿನ ಆನೆ, ದೇಗುಲಗಳ ಪಕ್ಕದಲ್ಲಿ, ಜಲ್ಲಿ ಹಾಕಿದ ಮತ್ತು ಹಾಕದ ಎರಡು ಗಾಜಿನ ಕುಂಡಗಳನ್ನಿಟ್ಟು ನೀರು ಎಲ್ಲಿ ನಿಲ್ಲುತ್ತದೆಂದು ತೋರಿಸುವ ವ್ಯವಸ್ಥೆಯನ್ನು ತೋಟಗಾರಿಕೆ ಇಲಾಖೆಯು ಮೂಡಿಗೆರೆಯ ತೋಟಗಾರಿಕೆ ಕಾಲೇಜಿನ ನೆರವಿನಿಂದ ಮಾಡಬೇಕೆಂದು ವಿನಂತಿಸುತ್ತೇನೆ.

– ಓದುಗರೊಬ್ಬರು, ಚಿಕ್ಕಮಗಳೂರು