ಆ ಹೋರಾಟ ಶುರು ಮಾಡಿದವರ ಹೆಸರೂ ಬರಲಿ

ಮಾನ್ಯರೇ,

ಫುಟ್‌ಬಾಲ್ ಆಟಗಾರರ ಸಂಬಳದ ಬಗ್ಗೆ ಭಾನುವಾರದ ಕ್ರೀಡಾ ಪುಟದಲ್ಲಿ ಬಂದ ಲೇಖನ ಓದಿದೆ. ಇಂಗ್ಲೆಂಡಿನಲ್ಲಿ ಸಂಬಳದ ಮಿತಿ 1961ರಲ್ಲಿ ಹೋಯಿತು, ಆಟಗಾರರ ಸಂಘದ ಮುಖ್ಯಸ್ಥ ಜಿಮ್ಮಿ ಹಿಲ್ ಅದಕ್ಕಾಗಿ ಹೋರಾಡಿದರು ಅಂತ ಬರೆದಿದ್ದೀರಿ. ನಿಜ. ಆದರೆ ಅದಕ್ಕೂ ಐವತ್ತು ವರ್ಷ ಮೊದಲೇ ಬೀದಿಗೆ ಬಿದ್ದವರ ಹೆಸರು ಒಂದು ಸಾಲಿನಲ್ಲೂ ಇಲ್ಲ. ಓದಿ ಬೇಸರವಾಯಿತು.

ಅವರಲ್ಲಿ ಮುಂದೆ ನಿಂತವರು ಚಾರ್ಲಿ ರಾಬರ್ಟ್ಸ್. ಇಂಗ್ಲೆಂಡಿನ ಡಾರ್ಲಿಂಗ್ಟನ್ ಊರಿನವರು, ಹುಟ್ಟಿದ್ದು 1883ರಲ್ಲಿ. ಗ್ರಿಮ್ಸ್‌ಬಿಯಲ್ಲಿ ಆಡಿ, 1904ರಲ್ಲಿ ಮ್ಯಾಂಚೆಸ್ಟರ್ ಯುನೈಟೆಡ್ ಸೇರಿದರು. ಸೆಂಟರ್ ಹಾಫ್. ಆಗಿನ ಸೆಂಟರ್ ಹಾಫ್ ಅಂದರೆ ಸುಮ್ನೆ ಹಿಂದೆ ನಿಂತು ಚೆಂಡು ಆಚೆ ಒದೆಯುವುದಲ್ಲ. ತಡೆಯಬೇಕು, ಮುಂದಕ್ಕೂ ಓಡಬೇಕು, ಇಡೀ ಆಟ ಅವರನ್ನೇ ಸುತ್ತುತ್ತಿತ್ತು. ನಾನೂ ಕಾರ್ಖಾನೆ ತಂಡದಲ್ಲಿ ಹಾಫ್ ಆಡಿದವನು, ಆ ದಣಿವು ಗೊತ್ತು. 1908 ಮತ್ತು 1911ರ ಲೀಗ್, 1909ರ ಎಫ್‌ಎ ಕಪ್, ಮೂರನ್ನೂ ಯುನೈಟೆಡ್ ಗೆದ್ದಿದ್ದು ಅವರ ನಾಯಕತ್ವದಲ್ಲಿ. ಅಂಥವರಿಗೂ ನಿಯಮದ ಪ್ರಕಾರ ವಾರಕ್ಕೆ 4 ಪೌಂಡಿಗಿಂತ ಜಾಸ್ತಿ ಕೊಡುವಂತಿರಲಿಲ್ಲ.

1907ರ ಡಿಸೆಂಬರಿನಲ್ಲಿ ಮ್ಯಾಂಚೆಸ್ಟರಿನ ಇಂಪೀರಿಯಲ್ ಹೋಟೆಲಿನಲ್ಲಿ ಆಟಗಾರರು ಸೇರಿ ಸಂಘ ಕಟ್ಟಿದರು. ರಾಬರ್ಟ್ಸ್ ಜೊತೆ ಅವರ ತಂಡದವರೇ ಆದ ಬಿಲ್ಲಿ ಮೆರೆಡಿತ್ ಇದ್ದರು. 1909ರ ಬೇಸಿಗೆಯಲ್ಲಿ, ಅಲ್ಲಿನ ಆಟವನ್ನು ನಡೆಸುವ ಫುಟ್‌ಬಾಲ್ ಅಸೋಸಿಯೇಷನ್ ಗದರಿಸಿತು: ಸಂಘ ಬಿಡಿ, ಇಲ್ಲದಿದ್ದರೆ ಆಟ ಬಿಡಿ. ಬೇರೆ ಕ್ಲಬ್ಬುಗಳಲ್ಲಿ ಬಹಳ ಜನ ಸಂಘ ಬಿಟ್ಟರು. ಯುನೈಟೆಡ್‌ನವರು ಬಿಡಲಿಲ್ಲ, ಅದಕ್ಕೇ ಅಮಾನತಾದರು. ಬೆನಿಫಿಟ್ ಪಂದ್ಯದಿಂದ, ಅಂದರೆ ಒಬ್ಬ ಆಟಗಾರನಿಗೆ ಹಣ ಸೇರಿಸಿಕೊಡಲು ಆಡಿಸುವ ಪಂದ್ಯದಿಂದ, ರಾಬರ್ಟ್ಸ್ ಕೈಗೆ 500 ಪೌಂಡ್ ಬರಬೇಕಿತ್ತು. ಎರಡು ವರ್ಷದ ಸಂಬಳಕ್ಕಿಂತ ಹೆಚ್ಚು! ಅಮಾನತು ತೆರವಾಗದಿದ್ದರೆ ಅದೂ ಹೋಗುತ್ತಿತ್ತು.

ಕ್ಲಬ್ಬಿನ ಬಾಗಿಲು ಮುಚ್ಚಿದ್ದರಿಂದ ಫ್ಯಾಲೋಫೀಲ್ಡ್ ಮೈದಾನದಲ್ಲಿ ಅಭ್ಯಾಸ ಮಾಡಿದರು. ಅಲ್ಲಿ ತೆಗೆದ ಒಂದು ಫೋಟೊ ಇದೆ. ಆಟಗಾರರೆಲ್ಲ ಒಟ್ಟಾಗಿದ್ದಾರೆ, ಮುಂದೆ ಒಂದು ಹಲಗೆ. ಅದರ ಮೇಲೆ ‘ಔಟ್‌ಕಾಸ್ಟ್ಸ್ ಫುಟ್‌ಬಾಲ್ ಕ್ಲಬ್, 1909’ ಅಂತ ಬರೆದಿದೆ. ಹೊರಗೆ ಹಾಕಿಸಿಕೊಂಡವರ ತಂಡ! ಎವರ್ಟನ್‌ನ ಟಿಮ್ ಕೋಲ್ಮನ್ ಕೂಡ ಅವರ ಪಕ್ಷಕ್ಕೆ ಬಂದರು. ಆ ಫೋಟೊ ಮೊದಲ ಸಲ ನೋಡಿದಾಗ ನನ್ನದೇ ಒಂದು ಮಧ್ಯಾಹ್ನ ನೆನಪಾಯಿತು. ಸಂಘದ ಕೆಲಸಕ್ಕೆ ನನಗೂ ಅಮಾನತು ಪತ್ರ ಬಂದಿತ್ತು. ಗೇಟಿನ ಹೊರಗೆ ಬೇವಿನ ಮರದ ಕೆಳಗೆ ಏಳು ಜನ ಕೂತಿದ್ದೆವು. ಊಟದ ಡಬ್ಬಿ ಯಾರೂ ತೆಗೆದಿರಲಿಲ್ಲ. ಮನೆಗೆ ಹೋಗಿ ಏನು ಹೇಳುವುದು ಅಂತ ಎಲ್ಲರಿಗೂ ಅದೇ ಯೋಚನೆ.

ಹೊಸ ಋತು ಶುರುವಾಗುವ ಹೊತ್ತಿಗೆ ಅಸೋಸಿಯೇಷನ್ ಸಂಘವನ್ನು ಒಪ್ಪಿಕೊಂಡಿತು. ಆದರೆ ಸಂಬಳದ ಮಿತಿ ಹೋಗಲಿಲ್ಲ. ರಾಬರ್ಟ್ಸ್ ಇಂಗ್ಲೆಂಡಿಗೆ ಆಡಿದ್ದು ಮೂರೇ ಪಂದ್ಯ, ಮೂರೂ 1905ರಲ್ಲಿ. ಆಮೇಲೆ ಅಷ್ಟೆಲ್ಲ ಗೆದ್ದರೂ ಕರೆ ಬರಲಿಲ್ಲ. ಸಂಘವೇ ಕಾರಣ ಅಂತ ಬಹಳ ಜನ ನಂಬಿದ್ದಾರೆ, ನಾನೂ ನಂಬುತ್ತೇನೆ. 1913ರಲ್ಲಿ ಯುನೈಟೆಡ್ ಅವರನ್ನು 1,500 ಪೌಂಡಿಗೆ ಓಲ್ಡ್‌ಹ್ಯಾಮ್ ಕ್ಲಬ್ಬಿಗೆ ಮಾರಿತು. ಅಲ್ಲೂ ಅವರೇ ನಾಯಕ. 1915ರಲ್ಲಿ ಒಂದೇ ಅಂಕದಿಂದ ಲೀಗ್ ಕೈತಪ್ಪಿತು.

ಮುಂದಿನ ಸಲ ಸಂಬಳದ ವಿಷಯ ಬರೆಯುವಾಗ ಆ ಫೋಟೊ ಹಾಕಿ. ದಯವಿಟ್ಟು ಕೆಳಗೆ ಅದರಲ್ಲಿರುವ ಎಲ್ಲರ ಹೆಸರನ್ನೂ ಅಚ್ಚು ಮಾಡಿ.

– ನಿವೃತ್ತ ಕಾರ್ಮಿಕ, ಬೆಂಗಳೂರು